‘ಮತ್ತೊಮ್ಮೆ ಹೇಳಿ’ ಎಂದವರು ಯಾರು?

ಮುಶಾಯಿರಾದಲ್ಲಿ ಒಳ್ಳೆಯ ಶೇರ್ ಕೇಳಿದರೆ ನಾವು ‘ಮುಕರ್ರರ್’ ಎನ್ನುತ್ತೇವೆ. ಕವಿ ಅದನ್ನೇ ಮತ್ತೆ ಓದುತ್ತಾನೆ. ಕೇಳಿದ್ದನ್ನೇ ಕೇಳುವುದರಲ್ಲೂ ಒಂದು ಸುಖವಿದೆ. ಆದ್ದರಿಂದ ಒಂದು ಚಿತ್ರದ ಎರಡನೆಯ, ಮೂರನೆಯ ಭಾಗ ಬಂತೆಂದು ಮೂಗು ಮುರಿಯಬೇಕಿಲ್ಲ. ಆದರೂ ಕನ್ನಡದ ಖಾಕಿ ಚಿತ್ರಗಳು ನಮ್ಮನ್ನು ದಣಿಸಿದ್ದೇಕೆ?

1996ರ ‘ಪೊಲೀಸ್ ಸ್ಟೋರಿ’ಯನ್ನೇ ನೋಡೋಣ. ಸಾಹಸ ನಿರ್ದೇಶಕ ಥ್ರಿಲ್ಲರ್ ಮಂಜು ನಿರ್ದೇಶಿಸಿದ ಚಿತ್ರ. ಅದರ ನಿಜವಾದ ಬಂಡವಾಳ ಸಾಯಿಕುಮಾರ್ ಕಂಠ. ಅಗ್ನಿ ಎಂಬ ಅಧಿಕಾರಿ ಉಸಿರು ಬಿಗಿಹಿಡಿದು ಭ್ರಷ್ಟರನ್ನು ಬಯ್ಯುವಾಗ, ಠಾಣೆಯ ಮೆಟ್ಟಿಲೇರಲು ಅಂಜುವ ಬಡವನಿಗೆ ತನ್ನ ಮಾತನ್ನು ಯಾರೋ ಆಡಿದಂತಾಯಿತು. ಮರುವರ್ಷ ‘ಅಗ್ನಿ ಐ.ಪಿ.ಎಸ್.’ ಬಂತು. ಮಂಜು ಅವರ ಚಿತ್ರದ ಎರಡನೆಯ ಭಾಗ 2007ರಲ್ಲಿ, ಮೂರನೆಯದು 2011ರಲ್ಲಿ ಬಂದವು.

ಈ ನಡುವೆ ನೋಡುವ ಜಾಗ ಬದಲಾಯಿತು. ರಾಜಾಜಿನಗರದ ನವರಂಗ್, ಮಾಗಡಿ ರಸ್ತೆಯ ಪ್ರಸನ್ನ, ವೀರೇಶ್ ಚಿತ್ರಮಂದಿರಗಳ ಶಿಳ್ಳೆಯ ಜೊತೆಗೇ ವಿಜಯನಗರದ ಗಲ್ಲಿಗಳ ಸಿ.ಡಿ. ಅಂಗಡಿಗಳೂ ಬೆಳೆದವು. ಬಳಿಕ ಟಿ.ವಿ., ಹಿಂದಿ ಡಬ್ಬಿಂಗ್, ಯೂಟ್ಯೂಬ್. ಈ ಸಂತೆಯಲ್ಲಿ ಹೊಸ ಕಥೆಯನ್ನು ವಿವರಿಸಿ ಮಾರಬೇಕು. ಹಳೆಯ ಹೆಸರಿನ ಪಕ್ಕ ಒಂದು ಅಂಕಿಯಿದ್ದರೆ ವಿವರಣೆಯೇ ಬೇಡ. ಅಂಕಿ ವ್ಯಾಪಾರಿಗೆ ಭರವಸೆ, ಪ್ರೇಕ್ಷಕನಿಗಲ್ಲ.

ಆದರೆ ತಪ್ಪೆಲ್ಲ ಸಂತೆಯದಲ್ಲ. ಹಾಂಕಾಂಗ್‌ನ ಜಾಕಿ ಚಾನ್ 1985ರಲ್ಲಿ ಇದೇ ಹೆಸರಿನ ಚಿತ್ರ ಮಾಡಿ, 1988 ಮತ್ತು 1992ರಲ್ಲಿ ಮುಂದುವರಿಸಿದರು. ಅಲ್ಲಿ ಪ್ರತಿಸಲವೂ ಮೈ ಪಣಕ್ಕಿಟ್ಟ ಹೊಸ ಸಾಹಸವಿತ್ತು. ನಮ್ಮ ಕಡಿಮೆ ಖರ್ಚಿನ ಚಿತ್ರಗಳಿಗೆ ಆ ಅನುಕೂಲವಿಲ್ಲ, ಇಲ್ಲಿರುವುದು ಮಾತು. ಆ ಮಾತಿಗೆ ಕೊನೆಯಲ್ಲಿ ಒಂದೇ ಉತ್ತರ: ಗುಂಡು. ಗುಂಡು ಹಾರಿದ ಮೇಲೆ ಸಾಕ್ಷಿ ಬೇಡ, ವಕೀಲ ಬೇಡ, ತೀರ್ಪು ಬೇಡ, ಕಥೆಯೂ ಬೇಡ. ಹೀಗಾಗಿ ಎಷ್ಟು ಭಾಗ ಬಂದರೂ ನಾವು ನೋಡುವುದು ಅದೇ ಮುಕ್ತಾಯವನ್ನು.

‘ಪೊಲೀಸ್ ಸ್ಟೋರಿ’ ಬಂದ ವರ್ಷವೇ, 1996ರ ಡಿಸೆಂಬರ್ 18ರಂದು, ಡಿ.ಕೆ. ಬಸು ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಬಂಧನಕ್ಕೆ 11 ಸೂಚನೆಗಳನ್ನು ವಿಧಿಸಿತು. ಬಂಧಿಸುವ ಪೊಲೀಸರ ಹೆಸರಿನ ಫಲಕ ಕಾಣಬೇಕು, ಬಂಧನದ ಪತ್ರಕ್ಕೆ ಸಾಕ್ಷಿಯ ಸಹಿ ಬೇಕು, ಮನೆಯವರಿಗೆ ತಿಳಿಸಬೇಕು, 48 ಗಂಟೆಗೊಮ್ಮೆ ವೈದ್ಯಕೀಯ ತಪಾಸಣೆಯಾಗಬೇಕು. ನಡುರಾತ್ರಿ ಮಗನನ್ನು ಕರೆದೊಯ್ದರೆ, ಎಲ್ಲಿಗೆ ಎಂದು ತಿಳಿಯುವ ಹಕ್ಕು ತಾಯಿಗಿದೆ. ಆಕೆ ಯಾವ ಮೊಹಲ್ಲಾದವಳಾದರೂ, ಯಾವ ಕೇರಿಯವಳಾದರೂ. ಖಾಕಿ ಚಿತ್ರಗಳ ನಾಯಕನಿಗೆ ಇಂಥ ನಿಯಮಗಳೆಲ್ಲ ಕಾಲಿಗೆ ತೊಡರುವ ಬಳ್ಳಿ. ಅವನು ಅದನ್ನು ಕಿತ್ತೆಸೆದಾಗ ನಾವು ಚಪ್ಪಾಳೆ ತಟ್ಟುತ್ತೇವೆ. ಆ ಚಪ್ಪಾಳೆ ನಿಜವಾದ ಠಾಣೆಗೂ ಕೇಳಿಸುತ್ತದೆ.

ಕಥೆಗಾರನ ಕಣ್ಣಿಗೆ ಆ 11 ಸೂಚನೆಗಳು 11 ಕಥೆಗಳು. ಕೈಯಲ್ಲಿ ಬಂದೂಕಿದ್ದೂ ನಿಯಮ ಮೀರದೆ ಗೆಲ್ಲಬೇಕಾದ ಅಧಿಕಾರಿಗಿಂತ ದೊಡ್ಡ ಸಾಹಸಿ ಯಾರು? ಅದಕ್ಕೆ ಹೆಚ್ಚು ಖರ್ಚೂ ಇಲ್ಲ. ಅಂಥ ಅಗ್ನಿ ಬಂದರೆ, ‘ಮುಕರ್ರರ್’ ಎನ್ನಲು ನಾವು ಸಿದ್ಧ.