ಕಾಲವನ್ನು ಗೆದ್ದವರ ಸಭೆ: ಶೂನ್ಯಸಂಪಾದನೆಯ ಗೋರಕ್ಷ ಪ್ರಸಂಗ

ಕರಜಗಿಯ ಸುತ್ತಿನ ಹಳ್ಳಿಗಳಲ್ಲಿ ಪಾಠ ಹೇಳುವ ನಮಗೆ ನವನಾಥರ ಹೆಸರು ಹೊಸದಲ್ಲ. ಮಚ್ಛಿಂದ್ರ, ಗೋರಕ್ಷ, ಜಾಲಂಧರ, ಕಾನಿಫ ಮೊದಲಾದ ಒಂಬತ್ತು ಮಂದಿ ಸಿದ್ಧರು ಕಾಲವನ್ನು ವಂಚಿಸಿ ಇಂದಿಗೂ ಅಳಿಯದೆ ಇದ್ದಾರೆಂಬುದು ನೆರೆಯ ಮರಾಠಿ ಮನೆಗಳ ನಂಬಿಕೆ. ಅವರಲ್ಲೊಬ್ಬನಾದ ರೇವಣನಾಥನು ಕನ್ನಡಿಗರ ಬಾಯಲ್ಲಿ ರೇವಣಸಿದ್ಧ. ಅವನ ಸ್ಥಾನ ಇದೇ ಸಾಂಗಲಿ ಜಿಲ್ಲೆಯ ರೇಣಾವಿಯಲ್ಲಿದೆ. ಇಂಥ ಸಭೆಯ ಪ್ರಮುಖನೊಬ್ಬನನ್ನು ಕನ್ನಡ ಕವಿಗಳು ಮತ್ತೊಂದು ಸಭೆಯ ಅಧ್ಯಕ್ಷನಾದ ಅಲ್ಲಮಪ್ರಭುವಿನ ಎದುರಿಗೆ ತಂದು ನಿಲ್ಲಿಸಿದ್ದಾರೆ. ಆ ಪ್ರಸಂಗವನ್ನು ಇಲ್ಲಿ ಸ್ವಲ್ಪ ಪರಾಮರ್ಶಿಸಬೇಕೆಂದಿದ್ದೇವೆ.

ಕಥೆ ಎಲ್ಲರೂ ಬಲ್ಲುದೇ. ಯೋಗದಿಂದ ವಜ್ರಕಾಯನಾದ ಗೋರಕ್ಷನು ಖಡ್ಗವನ್ನು ಅಲ್ಲಮನ ಕೈಗಿತ್ತು ಹೊಡೆಯೆನ್ನುತ್ತಾನೆ. ಹೊಡೆದರೆ ಖಣಿಲೆಂಬ ಸದ್ದು. ಮೈ ಮಾತ್ರ ಕೂದಲೆಳೆಯಷ್ಟೂ ಕೊಂಕದು. ಬಳಿಕ ಗೋರಕ್ಷನು ಅಲ್ಲಮನನ್ನು ಹೊಡೆಯುತ್ತಾನೆ. ಖಡ್ಗ ಬಯಲಲ್ಲಿ ಬೀಸಿದಂತೆ ಹಾದು ಹೋಗುತ್ತದೆ, ಸದ್ದೇ ಇಲ್ಲ. ಕಾಲಕ್ಕೆ ಸಿಕ್ಕದಂತೆ ದೇಹವನ್ನು ಗಟ್ಟಿ ಮಾಡಿಕೊಂಡವನಿಗೂ ಕಾಲ ಹಿಡಿಯಲು ಏನನ್ನೂ ಉಳಿಸದವನಿಗೂ ಇರುವ ಅಂತರವನ್ನು ಒಂದು ಸದ್ದಿನಿಂದ ತೋರಿಸಿದ ಈ ಕಲ್ಪನೆ ನಿಜಕ್ಕೂ ದೊಡ್ಡದು.

ಆದರೆ ಇದನ್ನು ನಡೆದ ಸಂಗತಿಯೆಂದು ಬೋಧಿಸುವ ರೂಢಿ ನಮ್ಮಲ್ಲಿದೆ. ನಾವೂ ಹಲವು ವರ್ಷ ಹಾಗೆಯೇ ಬೋಧಿಸಿದೆವು. ಅಲ್ಲಮನ ಕಾಲ 12ನೆಯ ಶತಮಾನ. ಅವನ ಕಥೆಯನ್ನು ಮೊದಲು ಬರೆದ ಹರಿಹರನ ರಗಳೆಯಲ್ಲಿ ಕಾಮಲತೆಯನ್ನು ಕಳೆದುಕೊಂಡು ಮರುಗುವ ಮದ್ದಳೆಗಾರನಿದ್ದಾನೆ, ಗುರುವಾದ ಅನಿಮಿಷನಿದ್ದಾನೆ. ಗೋರಕ್ಷನಿಲ್ಲ, ಶೂನ್ಯಸಿಂಹಾಸನವೂ ಇಲ್ಲ. ಇವು ಮೈದಳೆದುದು 15ನೆಯ ಶತಮಾನದಿಂದೀಚೆಗೆ, ಚಾಮರಸನ ಪ್ರಭುಲಿಂಗಲೀಲೆಯಲ್ಲಿ ಮತ್ತು ಶೂನ್ಯಸಂಪಾದನೆಗಳಲ್ಲಿ. ಶಿವಗಣಪ್ರಸಾದಿ ಮಹಾದೇವಯ್ಯ, ಹಲಗೆಯಾರ್ಯ, ಗುಮ್ಮಳಾಪುರದ ಸಿದ್ಧಲಿಂಗ, ಗೂಳೂರ ಸಿದ್ಧವೀರಣ್ಣೊಡೆಯ, ಹೀಗೆ ನಾಲ್ವರು ಸಂಕಲನಕಾರರು ಬೇರೆ ಬೇರೆ ಸಂದರ್ಭದ ವಚನಗಳನ್ನು ಪ್ರಶ್ನೋತ್ತರವಾಗಿ ಹೆಣೆದು, ನಡುವೆ ತಮ್ಮ ಗದ್ಯವನ್ನಿಟ್ಟು, ಸಭೆಯನ್ನು ಕಟ್ಟಿದರು. ನೆರೆಯ ಸೊನ್ನಲಿಗೆಯ ಸಿದ್ಧರಾಮನ ದೀಕ್ಷೆಯ ವಿಷಯದಲ್ಲಿ ಇವರ ಗ್ರಂಥಗಳು ಒಂದೇ ಮಾತನ್ನಾಡುವುದಿಲ್ಲ. ನಡಾವಳಿಯ ಪುಸ್ತಕವಾಗಿದ್ದರೆ ಇಷ್ಟು ಭೇದವೇಕೆ ಬರುತ್ತಿತ್ತು?

ಹಾಗೆಂದು ಗ್ರಂಥದ ಬೆಲೆ ಕುಗ್ಗದು. ಕಾಲವನ್ನು ವಂಚಿಸುವ ಸಿದ್ಧಿಯನ್ನು ಗೋರಕ್ಷನಲ್ಲಿ ಹಳಿದ ಸಂಕಲನಕಾರರು ತಾವೇ ಅದನ್ನು ಬರವಣಿಗೆಯಲ್ಲಿ ಸಾಧಿಸಿದರು. ಮುನ್ನೂರು ವರ್ಷಗಳ ಹಿಂದಿನ ದನಿಗಳನ್ನು ಒಂದೇ ಜಗುಲಿಯ ಮೇಲೆ ಕೂರಿಸಿ ಮಾತಿಗೆ ಮಾತು ಕೊಡಿಸುವುದು ಸಾಮಾನ್ಯ ಕೆಲಸವಲ್ಲ. ವಿಜಯಪುರದಿಂದ ಫ. ಗು. ಹಳಕಟ್ಟಿಯವರು 1930ರಲ್ಲಿ ಶೂನ್ಯಸಂಪಾದನೆಯನ್ನು ಅಚ್ಚು ಹಾಕಿಸಿದ ಮೇಲೆ ಈ ಸಭೆ ನಮ್ಮಂಥ ಹಳ್ಳಿಯ ಮಾಸ್ತರರ ಕೈಗೂ ಎಟುಕಿತು.

ನಮ್ಮ ಆಕ್ಷೇಪ ಬೇರೆ. ಗೋರಕ್ಷನಿಗೆ ಸಂಕಲನಕಾರರು ನ್ಯಾಯವಾದ ಮಾತು ಕೊಡಲಿಲ್ಲ. ಅವನು ಬಂದುದೇ ಸೋಲಲೆಂದು. ಬಡಾಯಿ ಕೊಚ್ಚುತ್ತಾನೆ, ಖಡ್ಗ ನೀಡುತ್ತಾನೆ, ಬಾಗುತ್ತಾನೆ. ಮುಕ್ತಾಯಕ್ಕನ ಪ್ರಸಂಗವನ್ನು ಇದರ ಪಕ್ಕದಲ್ಲಿಟ್ಟು ನೋಡಿರಿ. ಅಣ್ಣ ಅಜಗಣ್ಣ ತೀರಿಕೊಂಡಿದ್ದಾನೆ. ಸಂತೈಸಲು ಬಂದ ಅಲ್ಲಮನನ್ನು, ಮಾತಿನ ಹಂಗು ಇನ್ನೂ ಹರಿಯದ ನೀನು ಎಂಥ ಜ್ಞಾನಿಯೆಂದು ಆಕೆ ಕೆಣಕುತ್ತಾಳೆ. ಅಲ್ಲಿ ಪ್ರಭುವಿಗೂ ಉತ್ತರ ಸುಲಭವಾಗಿಲ್ಲ. ಸಾವಿನ ಮುಂದೆ ಖಡ್ಗದ ಪವಾಡವಾವುದೂ ನಡೆಯದ ಆ ಮನೆಯಲ್ಲಿ ಕಾಲದ ಪ್ರಶ್ನೆ ನಿಜವಾಗಿ ಚುಚ್ಚುತ್ತದೆ. ಗೋರಕ್ಷ ಪ್ರಸಂಗದಲ್ಲಿ ಬೆರಗಿದೆ, ಅಳಲಿಲ್ಲ.

ಗಡಿಯ ತರಗತಿಯಲ್ಲಿ ಇದು ಬರಿಯ ಸಾಹಿತ್ಯದ ಮಾತಾಗಿ ಉಳಿಯದು. ಗೋರಕ್ಷನಿಂದ ಗಹಿನೀನಾಥ, ಅವನಿಂದ ನಿವೃತ್ತಿನಾಥ, ಅವನಿಂದ ಜ್ಞಾನೇಶ್ವರ: ನೆರೆಯವರ ಗುರುಪರಂಪರೆಯೇ ಇದು. ನಮ್ಮ ಕೃತಿಯಲ್ಲಿ ಸೋತವನು ಅವರ ಮನೆಯಲ್ಲಿ ಪೂಜೆಗೊಳ್ಳುವವನು. ಆದುದರಿಂದ ಈಚೆಗೆ ನಾವು ಪಾಠದ ಕ್ರಮವನ್ನು ಬದಲಿಸಿದ್ದೇವೆ. ಮೊದಲು ಮುಕ್ತಾಯಕ್ಕನನ್ನು ಓದಿಸುತ್ತೇವೆ. ಗೋರಕ್ಷನ ಸರದಿ ಬಂದಾಗ, ನವನಾಥರ ಕಥೆ ಬಲ್ಲ ಹುಡುಗನೊಬ್ಬನಿಗೆ ಅದನ್ನು ತನ್ನ ಮನೆಯಲ್ಲಿ ಕೇಳಿದಂತೆಯೇ ಹೇಳೆಂದು ಬಿಟ್ಟು, ಆಮೇಲೆ ಪುಸ್ತಕ ತೆರೆಯುತ್ತೇವೆ.