ಅಪರಿಚಿತೆಯ ಓಲೆ: ಕಥೆಯೂ ವಾಕ್ಚಿತ್ರವೂ

ವ್ಯಾಸಭಾರತದ ದುಷ್ಯಂತನು ಶಕುಂತಲೆಯನ್ನು ಗುರುತಿಸಿಯೂ ಅರಿಯದವನಂತೆ ನುಡಿದನು. ಕಾಳಿದಾಸನಿಗೆ ಇದು ಸಹ್ಯವಾಗಲಿಲ್ಲ. ನಾಯಕನ ಕಳಂಕವನ್ನು ತೊಳೆಯುವುದಕ್ಕಾಗಿ ದುರ್ವಾಸರ ಶಾಪವನ್ನೂ ಮುದ್ರೆಯುಂಗುರವನ್ನೂ ನಾಟಕಕ್ಕೆ ತಂದನು. ಮೂಲವನ್ನು ಹೀಗೆ ತಿದ್ದುವ ಸ್ವಾತಂತ್ರ್ಯವು ಎಲ್ಲೆಡೆಯೂ ಔಚಿತ್ಯವೆನಿಸುವುದೆ? ಆಸ್ಟ್ರಿಯಾದ ಸ್ಟೆಫಾನ್ ಜ್ವೈಗನು ೧೯೨೨ರಲ್ಲಿ ಪ್ರಕಟಿಸಿದ ‘ಅಪರಿಚಿತೆಯ ಓಲೆ’ ಎಂಬ ಕಥೆಯನ್ನೂ, ಅದರಿಂದ ಮ್ಯಾಕ್ಸ್ ಆಫುಲ್ಸನು ೧೯೪೮ರಲ್ಲಿ ಹಾಲಿವುಡ್ಡಿನಲ್ಲಿ ನಿರ್ಮಿಸಿದ ವಾಕ್ಚಿತ್ರವನ್ನೂ ಜೊತೆಗಿಟ್ಟು ನೋಡಿದವರಿಗೆ ಈ ಪ್ರಶ್ನೆಯು ತಾನಾಗಿಯೇ ಏಳುವುದು.

ಜ್ವೈಗನು ೧೮೮೧ರಲ್ಲಿ ವಿಯೆನ್ನಾ ನಗರದ ಸಿರಿವಂತ ಯೆಹೂದ್ಯರ ಮನೆಯಲ್ಲಿ ಜನಿಸಿದನು. ಅವನ ಕೃತಿಗಳು ಅನೇಕ ಭಾಷೆಗಳಿಗೆ ಪರಿವರ್ತನೆಗೊಂಡು ಮನೆಮಾತಾಗಿದ್ದವು. ೧೯೩೩ರಲ್ಲಿ ಜರ್ಮನಿಯ ನಾಜಿಗಳು ಅವನ್ನು ಬೆಂಕಿಗೆ ಹಾಕಿದರು. ಮರುವರ್ಷ ಅವನು ಸಾಲ್ಜ್‌ಬರ್ಗಿನ ಮನೆಯನ್ನು ತೊರೆದನು; ೧೯೪೨ರ ಫೆಬ್ರವರಿಯಲ್ಲಿ ಬ್ರೆಜಿಲಿನ ಪೆಟ್ರೊಪೊಲಿಸಿನಲ್ಲಿ ಪತ್ನಿಯೊಡನೆ ತಾನಾಗಿಯೇ ಪ್ರಾಣವನ್ನು ಬಿಟ್ಟನು. ಈ ಚಿತ್ರವನ್ನು ಅವನು ಕಾಣಲಿಲ್ಲ. ಆಫುಲ್ಸನೂ ನಾಜಿಗಳ ದೆಸೆಯಿಂದ ದೇಶವನ್ನು ಬಿಟ್ಟವನೇ. ಹಳೆಯ ವಿಯೆನ್ನಾದ ಮೆಟ್ಟಿಲುಗಳನ್ನೂ ಹಿಮದ ಬೀದಿಗಳನ್ನೂ ಅವನು ಅಷ್ಟು ಆರ್ದ್ರತೆಯಿಂದ ಕಟ್ಟಿರುವುದಕ್ಕೆ ಇದೂ ಒಂದು ಕಾರಣವಿರಬಹುದು.

ಕಥೆಯಲ್ಲಿ ಪ್ರಸಿದ್ಧ ಕಾದಂಬರಿಕಾರನೊಬ್ಬನಿಗೆ ಅವನ ನಲವತ್ತೊಂದನೆಯ ಹುಟ್ಟುಹಬ್ಬದಂದು ಹೆಸರಿಲ್ಲದ ಓಲೆಯೊಂದು ಬರುವುದು. ಬರೆದವಳು ಬಾಲ್ಯದಿಂದಲೂ ಅವನಲ್ಲಿ ಮನಸ್ಸಿಟ್ಟವಳು; ಅವನ ಮಗುವನ್ನು ಹೆತ್ತು, ಅವನಿಗೆ ತಿಳಿಸದೆಯೇ ಸಾಕಿ, ಈಗ ಕಳೆದುಕೊಂಡವಳು. ವರ್ಷಗಳ ಬಳಿಕ ಮತ್ತೆ ಒಂದಿರುಳು ಅವನೊಡನೆ ಕಳೆದಾಗಲೂ ಅವನಿಗೆ ಗುರುತು ಸಿಕ್ಕಲಿಲ್ಲ. ಬೆಳಗಿನಲ್ಲಿ, ಅವಳು ಕೈಗಳನ್ನು ಬೆಚ್ಚಗಿಡುವ ತುಪ್ಪುಳಿನ ಚೀಲದೊಳಗೆ ಅವನು ಮೆಲ್ಲನೆ ನೋಟುಗಳನ್ನು ಸೇರಿಸುತ್ತಿರುವುದನ್ನು ಅವಳು ಕನ್ನಡಿಯಲ್ಲಿ ಕಂಡಳು. ಹೊರಕ್ಕೆ ಓಡಿದಾಗ ಎದುರಾದ ಮುದಿಯಾಳಿಗೆ ಮಾತ್ರ ಕ್ಷಣಮಾತ್ರದಲ್ಲಿ ಅವಳ ಗುರುತು ಹತ್ತಿತು. ಆ ನೋಟುಗಳನ್ನೆಲ್ಲ ಅವಳು ಅವನ ಕೈಗೇ ತುರುಕಿದಳು. ಕಥೆಯ ಮರ್ಮಸ್ಥಾನವಿದು. ಇಲ್ಲಿ ಶಾಪವಿಲ್ಲ, ಜಾರಿಹೋದ ಉಂಗುರವಿಲ್ಲ; ಮರೆವು ಆ ಪುರುಷನ ಸ್ವಭಾವವೇ ಆಗಿರುವುದು.

ವಾಕ್ಚಿತ್ರದಲ್ಲಿ ಆ ನೋಟುಗಳು ಮಾಯವಾಗಿವೆ. ಕಾದಂಬರಿಕಾರನು ಪಿಯಾನೋ ವಾದಕನಾಗಿ, ಜ್ವೈಗನ ಹೆಸರನ್ನೇ ಹೊತ್ತು ಸ್ಟೆಫಾನ್ ಬ್ರ್ಯಾಂಡ್ ಆಗಿರುವನು. ಹೆಸರಿಲ್ಲದವಳು ಲೀಸಾ ಆಗಿ ಗಂಡನನ್ನೂ ಪಡೆದಿರುವಳು. ಆ ಗಂಡನೊಡನೆ ಹೂಡಿದ ದ್ವಂದ್ವಯುದ್ಧಕ್ಕೆ ಅಂಜಿ ಊರು ಬಿಡಲು ಅಣಿಯಾಗಿದ್ದ ನಾಯಕನು, ಓಲೆಯನ್ನು ಓದಿದ ಮೇಲೆ ಸಾವನ್ನು ಎದುರಿಸಲು ಹೊರಡುವನು. ಜೋನ್ ಫೊಂಟೇನಳು ಹುಡುಗಿಯಿಂದ ಗೃಹಿಣಿಯವರೆಗೆ ಒಂದೇ ಮೋಹದ ನಾನಾ ಅವಸ್ಥೆಗಳನ್ನು ತೋರಿಸಿರುವ ಬಗೆಯನ್ನು ಎಷ್ಟು ಹೊಗಳಿದರೂ ಸಲ್ಲುವುದು. ಆದರೆ ಈ ದ್ವಂದ್ವಯುದ್ಧವನ್ನು ಸಹೃದಯರು ಒಪ್ಪುವುದು ಕಷ್ಟ. ಕಾಳಿದಾಸನ ತಿದ್ದುಪಡಿಗೆ ಪುನಸ್ಸಮಾಗಮವೇ ಫಲ. ಮಾರೀಚಾಶ್ರಮದಲ್ಲಿ ಹೆಂಡತಿಯೂ ಮಗನೂ ಬದುಕಿ ಕಾದಿರುವುದರಿಂದ ದುಷ್ಯಂತನ ಶುದ್ಧಿಯು ಮೂವರಿಗೂ ಸಲ್ಲುವುದು. ಇಲ್ಲಿಯಾದರೋ ತಾಯಿಯೂ ಮಗುವೂ ತೀರಿಕೊಂಡಿರುವರು. ನಾಯಕನ ಪ್ರಾಯಶ್ಚಿತ್ತವು ನಾಯಕನ ಅಲಂಕಾರಕ್ಕೆ ಮಾತ್ರ ಒದಗಿತು. ಜ್ವೈಗನು ಈ ದಾಕ್ಷಿಣ್ಯವನ್ನು ತೋರಲಿಲ್ಲ. ಅವನ ಕಥೆಯ ಕೊನೆಯಲ್ಲಿ, ಪ್ರತಿ ಹುಟ್ಟುಹಬ್ಬಕ್ಕೂ ಆಕೆ ಕಳುಹಿಸುತ್ತಿದ್ದ ಬಿಳಿಯ ಗುಲಾಬಿಗಳಿಲ್ಲದೆ ಹೂದಾನಿಯು ಬರಿದಾಗಿರುವುದು ಕಾದಂಬರಿಕಾರನ ಕಣ್ಣಿಗೆ ಬೀಳುವುದು. ಅವಳ ಮುಖವು ಮಾತ್ರ ಆಗಲೂ ನೆನಪಿಗೆ ಬಾರದು.

ಒಂದೆಡೆಯಲ್ಲಿ ಮಾತ್ರ ವಾಕ್ಚಿತ್ರವು ಮೂಲಕ್ಕೆ ಸರಿಗಟ್ಟುವುದು. ಆಳನ್ನು ಆಫುಲ್ಸನು ಮೂಕನನ್ನಾಗಿ ಮಾಡಿರುವನು. ನಿನಗೆ ಅವಳ ನೆನಪಿತ್ತೆ ಎಂದು ಯಜಮಾನನು ಕೇಳಿದಾಗ ಆ ಮುದುಕನು ತಲೆಯಾಡಿಸಿ, ಕಾಗದದ ಮೇಲೆ ಅವಳ ಹೆಸರನ್ನು ಬರೆದು ಮುಂದಿಡುವನು.