ಯಾರ ಎಂಜಲು ಯಾರಿಗೆ?

ಜಪಾನಿಗೆ ಹೋಗಿ ಬಂದವರ ಪ್ರವಾಸ ಕಥನಗಳಲ್ಲಿ ಚಹಾ ಸಮಾರಂಭದ ಅಧ್ಯಾಯವೊಂದು ಇರಲೇಬೇಕು ಎಂಬಂತಾಗಿದೆ. ಅದರಲ್ಲಿ ಏನಿದೆ ಎಂದು ಓದದೆಯೇ ಹೇಳಿಬಿಡಬಹುದು: ತತಾಮಿ ಚಾಪೆ, ಮಂಡಿಯೂರಿ ಕೂತು ಜೋಮು ಹಿಡಿದ ಕಾಲು, ಕುದಿಯುವ ನೀರಿನ ಸದ್ದು, ಕಿಮೋನೊ ಉಟ್ಟವಳ ಕೈಚಳಕ, ಬಟ್ಟಲನ್ನು ಎರಡು ಸಲ ತಿರುಗಿಸಿ ಕುಡಿಯುವ ಶಿಸ್ತು, ಕಡೆಗೆ ಮೌನದ ಮೇಲೊಂದು ಪುಟ. ಬರೆದವರು ಬೇರೆ ಬೇರೆ, ಅಧ್ಯಾಯ ಒಂದೇ. ಈ ಕೀರ್ತಿ ಅತಿಯಾಯಿತು ಎಂಬುದು ನನ್ನ ತಕರಾರು. ಚಹಾ ಸಮಾರಂಭವನ್ನು ನಾನು ಸಣ್ಣದು ಅನ್ನುತ್ತಿಲ್ಲ. ಪ್ರವಾಸಿಗೆ ಬಡಿಸುವುದು ಅದರ ತುದಿಯ ಒಂದು ತುಣುಕು. ನಮ್ಮವರು ಆ ತುಣುಕಿಗೇ ಆರತಿ ಎತ್ತುತ್ತಿದ್ದಾರೆ.

ಪೂರ್ತಿ ಸಮಾರಂಭಕ್ಕೆ ಚಾಜಿ ಎನ್ನುತ್ತಾರೆ. ಸುಮಾರು ನಾಲ್ಕು ತಾಸಿನ ಕೆಲಸ. ಇದ್ದಿಲು ಹೊಂದಿಸಬೇಕು, ಕೈಸೆಕಿ ಊಟ ಆಗಬೇಕು, ಸಿಹಿ ತಿನ್ನಬೇಕು, ಎದ್ದು ಹೊರಗೆ ಸ್ವಲ್ಪ ಕೂತು ಬರಬೇಕು. ಆಮೇಲೆ ಕೊಯ್ಚಾ ಎಂಬ ಗಟ್ಟಿ ಚಹಾ, ಎಲ್ಲಕ್ಕೂ ಕಡೆಗೆ ಉಸುಚಾ ಎಂಬ ತೆಳು ಚಹಾ. ಕ್ಯೋಟೋದಲ್ಲೋ ಟೋಕಿಯೋದ ಅಸಾಕುಸಾದಲ್ಲೋ ಮುಕ್ಕಾಲು ತಾಸಿಗೆ ಟಿಕೆಟು ಕೊಂಡವನಿಗೆ ಸಾಮಾನ್ಯವಾಗಿ ಸಿಗುವುದು ಉಸುಚಾ, ತಲೆಗೊಂದು ಬಟ್ಟಲು. ಬಿದಿರಿನ ಕಡೆಗೋಲನ್ನು ಕೈಗೆ ಕೊಟ್ಟು ನೊರೆ ಎಬ್ಬಿಸಿ ಅನ್ನುತ್ತಾರೆ, ಫೋಟೊ ತೆಗೆದುಕೊಳ್ಳಲು ಬಿಡುತ್ತಾರೆ. ಊಟ ಬಿಟ್ಟರೆಂದು, ಇದ್ದಿಲು ಬಿಟ್ಟರೆಂದು ನನಗೆ ದೂರಿಲ್ಲ. ಕೊಯ್ಚಾ ಬಿಟ್ಟರೆಂಬುದೇ ದೂರು.

ಕೊಯ್ಚಾದಲ್ಲಿ ಆಗುವುದಿಷ್ಟು. ಒಬ್ಬ ಅತಿಥಿಗೆ ಮೂರು ಚಮಚ ಪುಡಿಯಂತೆ ಎಲ್ಲರ ಪಾಲನ್ನೂ ಒಂದೇ ಬಟ್ಟಲಿಗೆ ಹಾಕಿ, ಅಂಬಲಿಗಿಂತ ಮಂದವಾಗಿ ಕಲಸುತ್ತಾರೆ. ನೊರೆ ಇಲ್ಲ. ಮೊದಲ ಅತಿಥಿ ಪಕ್ಕದವನಿಗೆ ತಲೆಬಾಗಿ ಬಟ್ಟಲು ಎತ್ತುತ್ತಾನೆ, ಎದುರುಭಾಗಕ್ಕೆ ಬಾಯಿ ತಾಗದಂತೆ ತಿರುಗಿಸಿ ಮೂರು ಗುಟುಕಿನಷ್ಟು ಕುಡಿಯುತ್ತಾನೆ. ತುಟಿ ತಾಗಿದ ಅಂಚನ್ನು ಒರೆಸಿ, ಬಟ್ಟಲನ್ನು ಮೊದಲಿನಂತೆ ತಿರುಗಿಸಿ, ಪಕ್ಕದವನಿಗೆ ದಾಟಿಸುತ್ತಾನೆ. ಅವನೂ ಅಷ್ಟೇ ತಿರುಗಿಸುವುದರಿಂದ ಅವನ ಬಾಯಿ ಬಂದು ತಾಗುವುದೂ ಹೆಚ್ಚುಕಡಿಮೆ ಅದೇ ಅಂಚಿಗೆ. ನಮ್ಮ ಲೇಖಕರು ಬಟ್ಟಲು ತಿರುಗಿಸುವುದರ ಬಗ್ಗೆ ಪುಟಗಟ್ಟಲೆ ಬರೆದಿದ್ದಾರೆ, ಒರೆಸುವುದರ ಬಗ್ಗೆ ಬರೆದದ್ದು ನಾನು ಕಾಣೆ. ಬರೆಯುವುದಾದರೂ ಹೇಗೆ, ಅವರ ಬಟ್ಟಲಲ್ಲಿ ಅವರ ನಂತರ ಕುಡಿಯುವವರು ಯಾರೂ ಇರಲಿಲ್ಲ! ಆ ಒರೆಸುವ ಕೈಯಲ್ಲೇ ಸಮಾರಂಭದ ಜೀವ ಇದೆ. ಎಂಜಲಾಗಿಲ್ಲ ಎಂಬ ನಟನೆ ಅಲ್ಲಿಲ್ಲ. ಆಗಿದೆ ಎಂದು ಒಪ್ಪಿ, ಒರೆಸಿ, ಇನ್ನು ನೀನು ಕುಡಿ ಎಂದು ಕೊಡುತ್ತಾರೆ.

ಬೀದರ್ ಸೀಮೆಯ ಓದುಗನಿಗೆ ಈ ಮಾತಿನ ತೂಕವನ್ನು ಬೇರೆ ಹೇಳಬೇಕಿಲ್ಲ. ಭಾಲ್ಕಿಯಲ್ಲೋ ಔರಾದಿನಲ್ಲೋ ಇಬ್ಬರು ಹೋಟೆಲಿಗೆ ಬಂದು ಒಂದೇ ಚಹಾ ಹೇಳಿದರೆ ಒಬ್ಬ ಕಪ್ಪು ಹಿಡಿಯುತ್ತಾನೆ, ಇನ್ನೊಬ್ಬ ಬಶಿ ಹಿಡಿಯುತ್ತಾನೆ. ಕಪ್ಪಿನಿಂದ ಬಶಿಗೆ ಅಂಚಿನವರೆಗೆ ಸುರಿದು, ಐದು ಬೆರಳ ತುದಿಯ ಮೇಲೆ ಬಶಿ ನಿಲ್ಲಿಸಿ, ಊದಿ ಸುರ್ರೆಂದು ಎಳೆಯುವುದು. ‘ನೀ ಬಶ್ಯಾಗ ತಗೋ ಮಾರಾಯ’ ಎಂಬ ಒತ್ತಾಯದಲ್ಲಿ ಸ್ನೇಹವೂ ಇದೆ, ಜಾಣತನವೂ ಇದೆ. ಒಂದು ಚಹಾ ಇಬ್ಬರಿಗಾಯಿತು, ಒಬ್ಬರ ತುಟಿ ತಾಗಿದ್ದು ಇನ್ನೊಬ್ಬರಿಗೆ ತಾಗಲಿಲ್ಲ. ಎಂಜಲಾಗದೆ ಹಂಚಿಕೊಳ್ಳಲು ಇದಕ್ಕಿಂತ ಸೊಗಸಾದ ಉಪಾಯ ನಾನು ಕಂಡಿಲ್ಲ. ಅದೇ ಚಹಾದ ಇನ್ನೊಂದು ಏರ್ಪಾಡು ಸೊಗಸಿನದಲ್ಲ. ದಲಿತರಿಗೆ ಬೇರೆ ಗ್ಲಾಸು, ಅದನ್ನು ಹೊರಗಿಡುವುದು, ಕುಡಿದವನೇ ತೊಳೆದು ಇಟ್ಟು ಹೋಗುವುದು: ಕರ್ನಾಟಕದ ಹಳ್ಳಿ ಹೋಟೆಲುಗಳ ಚರಿತ್ರೆಯಲ್ಲಿ ಇದಿದೆ, ನಮ್ಮ ಜಿಲ್ಲೆ ಅದಕ್ಕೆ ಹೊರತಲ್ಲ. ಈಗ ಕಾಗದದ ಕಪ್ಪು ಬಂದು ಬಶಿಯನ್ನೂ ಆ ಗ್ಲಾಸನ್ನೂ ಒಟ್ಟಿಗೇ ಮರೆಸುತ್ತಿದೆ.

ಜಪಾನಿನ ಚಹಾ ಸಮಾರಂಭದ ಕೀರ್ತಿಗೆ ಮೂಲ ಒಕಾಕುರಾ ಕಾಕುಜೊ ಎಂಬ ಜಪಾನಿ ಲೇಖಕ. 1901-02ರಲ್ಲಿ ಭಾರತದಲ್ಲಿದ್ದು ವಿವೇಕಾನಂದರನ್ನೂ ಟಾಗೋರರನ್ನೂ ಕಂಡವನು, ಬಾಸ್ಟನ್ನಿನ ಮ್ಯೂಸಿಯಮ್ಮಿನಲ್ಲಿ ಕೆಲಸ ಮಾಡುತ್ತ 1906ರಲ್ಲಿ ‘ದಿ ಬುಕ್ ಆಫ್ ಟೀ’ಯನ್ನು ಇಂಗ್ಲಿಷಿನಲ್ಲೇ ಬರೆದವನು. ಪುಸ್ತಕ ಮುಗಿಯುವುದು ಚಹಾಗುರು ಸೆನ್ ನೊ ರಿಕ್ಯೂನ ಕೊನೆಯ ಚಹಾದೊಂದಿಗೆ. 1591ರಲ್ಲಿ ಅಧಿಪತಿ ಹಿದೆಯೋಶಿ ರಿಕ್ಯೂಗೆ ಹೊಟ್ಟೆ ಸೀಳಿಕೊಂಡು ಸಾಯಲು ಆಜ್ಞೆ ಮಾಡಿದ. ಆ ದಿನ ರಿಕ್ಯೂ ಆಪ್ತ ಶಿಷ್ಯರನ್ನು ಕರೆದು ಚಹಾ ಕೊಡುತ್ತಾನೆ. ಎಲ್ಲರದೂ ಆದ ಮೇಲೆ ತಾನು ಕುಡಿಯುತ್ತಾನೆ. ಪರಿಕರಗಳನ್ನು ಒಂದೊಂದಾಗಿ ಶಿಷ್ಯರಿಗೆ ನೆನಪಿಗೆಂದು ಕೊಟ್ಟು ಬಟ್ಟಲನ್ನು ಮಾತ್ರ ಉಳಿಸಿಕೊಳ್ಳುತ್ತಾನೆ. ದುರದೃಷ್ಟದ ತುಟಿ ತಾಗಿ ಮೈಲಿಗೆಯಾದ ಇದನ್ನು ಇನ್ನಾರೂ ಬಳಸಬಾರದು ಎಂಬರ್ಥದ ಮಾತಾಡಿ ಒಡೆದುಹಾಕುತ್ತಾನೆ.

ಈ ಪುಟಕ್ಕೆ ಕಣ್ಣೊರೆಸಿಕೊಂಡ ವಿಮರ್ಶಕರೇ ಹೆಚ್ಚು. ನಾನು ಇಲ್ಲಿ ಕಣ್ಣು ಕಿರಿದು ಮಾಡುತ್ತೇನೆ. ಶಿಷ್ಯರು ಒಂದೇ ಬಟ್ಟಲಲ್ಲಿ ಹಂಚಿ ಕುಡಿದರೋ, ಬೇರೆ ಬೇರೆಯಾಗಿ ಕಲಸಿ ಕೊಟ್ಟರೋ? ಒಕಾಕುರಾ ಅದನ್ನು ಬಿಡಿಸಿ ಹೇಳುವುದಿಲ್ಲ. ಒಬ್ಬೊಬ್ಬನೂ ಬರಿದು ಮಾಡಿದ ಎಂದು ಮುಂದೆ ಹೋಗುತ್ತಾನೆ. ಬಾಸ್ಟನ್ನಿನ ದಿವಾನಖಾನೆಯಲ್ಲಿ ಓದುವವರಿಗೆ ಐದಾರು ಗಂಡಸರು ಒಂದೇ ಅಂಚಿಗೆ ಬಾಯಿಟ್ಟರೆಂದು ಹೇಳಲು ಆತ ಹಿಂಜರಿದನೆಂದೇ ನನ್ನ ಗುಮಾನಿ. ಹಂಚಿದ ಬಟ್ಟಲನ್ನು ಮಬ್ಬಾಗಿಸಿ, ಒಡೆದ ಬಟ್ಟಲನ್ನು ಬೆಳಕಿಗೆ ಹಿಡಿದ. ಆದರೆ ಆ ಒಡೆಯುವಿಕೆಯಲ್ಲಿ ಏನಿದೆ? ಕೊನೆಗೆ ಕುಡಿದವನು ಗುರು. ಅವನ ತುಟಿ ತಾಗಿದ್ದು ಶಿಷ್ಯರ ಪಾಲಿಗೆ ಬರಲೇ ಇಲ್ಲ. ಮೈಲಿಗೆಯಾದ ಪಾತ್ರೆ ಲೋಹದ್ದಾದರೆ ಬೆಂಕಿಗೆ ಹಿಡಿ, ಮಣ್ಣಿನದಾದರೆ ಬಿಸಾಡು ಎಂಬ ಶಾಸ್ತ್ರವನ್ನು ಬಲ್ಲ ನಾಡಿನವರು ಈ ದೃಶ್ಯವನ್ನು ಬರೀ ಸೌಂದರ್ಯವೆಂದು ಓದಿದ್ದು ಹೇಗೆ?

ಇನ್ನೊಂದು ಜಗಳ ಬಸವಕಲ್ಯಾಣದ ದಾರಿಯಲ್ಲಿದೆ. ಚಹಾಮನೆಗೆ ನಿಜಿರಿಗುಚಿ ಎಂಬ ಎರಡಡಿ ಚಿಲ್ಲರೆಯ ಕಿಂಡಿಬಾಗಿಲು. ಸಮುರಾಯಿಯಾದರೂ ಕತ್ತಿಯನ್ನು ಹೊರಗಿಟ್ಟು ನುಸುಳಿಯೇ ಬರಬೇಕು. ಇಷ್ಟು ಹೇಳಿದ್ದೇ ತಡ, ಗೋಷ್ಠಿಯಲ್ಲಿ ಯಾರಾದರೊಬ್ಬರು ಎದ್ದು ಇದೇ ಜಪಾನಿನ ಅನುಭವ ಮಂಟಪ ಅನ್ನುತ್ತಾರೆ, ಚಪ್ಪಾಳೆ ಬೀಳುತ್ತದೆ. ಈ ಹೋಲಿಕೆ ಸೋಮಾರಿತನದ್ದು. ರಿಕ್ಯೂನ ಒಡೆಯ ಹಿದೆಯೋಶಿ 1588ರಲ್ಲಿ ರೈತರ ಕತ್ತಿಗಳನ್ನು ಕಿತ್ತುಕೊಂಡ. ರಿಕ್ಯೂ ಸತ್ತ 1591ರಲ್ಲೇ ಸಮುರಾಯಿ, ರೈತ, ವ್ಯಾಪಾರಿ ತಂತಮ್ಮ ನೆಲೆ ಬಿಟ್ಟು ಕದಲಕೂಡದೆಂದು ಆಜ್ಞೆ ಹೊರಡಿಸಿದ. ತೊಗಲು ಹದ ಮಾಡುವವರನ್ನು ಅಸ್ಪೃಶ್ಯರಂತೆ ಊರಾಚೆ ಇಟ್ಟ ನಾಡು ಅದು. 1587ರ ಕಿತಾನೊ ಚಹಾಕೂಟಕ್ಕೆ ಹಿದೆಯೋಶಿ ರೈತರನ್ನೂ ಕರೆದಿದ್ದನಲ್ಲ ಎಂದು ಕೇಳುವವರಿದ್ದಾರೆ. ಕರೆದಿದ್ದ, ಹತ್ತು ದಿನ ಎಂದು ಸಾರಿ ಒಂದೇ ದಿನಕ್ಕೆ ಮುಗಿಸಿಯೂ ಬಿಟ್ಟ. ಅವನದೇ ಒಂದು ಚಹಾಕೋಣೆಗೆ ಚಿನ್ನದ ತಗಡು ಹೊದಿಸಿತ್ತು, ಅದನ್ನು ಬಿಚ್ಚಿ ಬೇಕಾದಲ್ಲಿಗೆ ಹೊತ್ತೊಯ್ಯಬಹುದಿತ್ತು. ಕಲ್ಯಾಣದಲ್ಲಿ ಹರಳಯ್ಯ ಮಧುವರಸರು ಜಾತಿ ಮೀರಿ ಮಕ್ಕಳ ಮದುವೆ ಮಾಡಿ ತೆತ್ತ ಬೆಲೆಯನ್ನು, ಒಂದೆರಡು ತಾಸು ಬಾಗಿ ಒಳಗೆ ಬಂದ ಸಮುರಾಯಿಯ ವಿನಯದ ಪಕ್ಕಕ್ಕಿಟ್ಟು ತೂಗುವವರಿಗೆ ಏನೆನ್ನಬೇಕು? ಇದೆಲ್ಲ ಶ್ರೀಮಂತರ ನಾಟಕ, ನಮ್ಮ ಹತ್ತು ರೂಪಾಯಿ ಚಹಾನೇ ಪಾಡು ಎಂದು ಮೂಗು ಮುರಿಯುವ ಇನ್ನೊಂದು ಪಂಗಡವೂ ಇದೆ. ಅವರಿಗೆ ಉತ್ತರ ಬೇಕಿಲ್ಲ.

ಹಾಗಾದರೆ ಕೊಯ್ಚಾದ ಬಟ್ಟಲು ಎಷ್ಟು ದೂರ ಹೋಗುತ್ತದೆ? ಜಪಾನಿನಲ್ಲಿ ಹೇಳಿಕೊಂಡು ಬಂದ ಕಥೆಯೊಂದಿದೆ. ಹಿದೆಯೋಶಿಯ ಚಹಾಕೂಟದಲ್ಲಿ ಕುಷ್ಠ ಹಿಡಿದಿದ್ದ ಸರದಾರ ಓತಾನಿ ಯೋಶಿತ್ಸುಗುವಿನ ಮುಖದಿಂದ ಕೀವಿನ ಹನಿ ಬಟ್ಟಲಿಗೆ ಬಿತ್ತಂತೆ. ಉಳಿದವರು ಕುಡಿದಂತೆ ಮಾಡಿ ದಾಟಿಸುವವರೇ. ಇಶಿದಾ ಮಿತ್ಸುನಾರಿ ಮಾತ್ರ ಬಟ್ಟಲನ್ನು ತಳ ಕಾಣುವಂತೆ ಕುಡಿದ. ಮುಂದೆ 1600ರ ಸೆಕಿಗಹಾರಾ ಯುದ್ಧದಲ್ಲಿ, ಸೋಲು ಕಾಣುತ್ತಿದ್ದರೂ ಓತಾನಿ ಅವನ ಪಕ್ಷಕ್ಕೇ ನಿಂತು ಸತ್ತ. ಕಥೆ ನಡೆದದ್ದೋ ಕಟ್ಟಿದ್ದೋ, ಆ ಬಟ್ಟಲಿಗೆ ಅಷ್ಟು ಶಕ್ತಿ ಇದೆ ಎಂದು ಜನ ನಂಬಿದ್ದಂತೂ ಹೌದು. ಆದರೆ ಒಂದು ಮಿತಿ ಅದಕ್ಕೆ ಅಂಟಿಯೇ ಇದೆ. ಬಟ್ಟಲು ಯಾವಾಗಲೂ ಮೊದಲ ಅತಿಥಿಯಿಂದ ಕಡೆಯ ಅತಿಥಿಗೆ ಹೋಗುತ್ತದೆ. ಮೊದಲನೆಯವನು ಮಾನ್ಯ, ಅವನು ಇನ್ನೊಬ್ಬರ ಎಂಜಲು ಕುಡಿಯುವುದಿಲ್ಲ. ಎಂಜಲು ಇಳಿಯುತ್ತದೆ, ಏರುವುದಿಲ್ಲ.

ಏರಿದ್ದು ಬೇರೆ ಕಡೆ. 1699ರಲ್ಲಿ ಆನಂದಪುರದಲ್ಲಿ ಗುರು ಗೋವಿಂದಸಿಂಗರು ಕಬ್ಬಿಣದ ಬಟ್ಟಲಲ್ಲಿ ಬತಾಸಿನ ನೀರನ್ನು ಖಡ್ಗದಿಂದ ಕಲಕಿ ಐವರಿಗೆ ಕುಡಿಸಿದರು. ಖತ್ರಿ, ಜಾಟ, ನೀರು ಹೊರುವವ, ಬಟ್ಟೆಗೆ ಅಚ್ಚು ಹಾಕುವವ, ಕ್ಷೌರಿಕ. ಆ ಕ್ಷೌರಿಕ ಭಾಯಿ ಸಾಹಿಬ್ ಸಿಂಗ್ ನಮ್ಮ ಬೀದರಿನವರೆಂದು ಸಿಖ್ ಪರಂಪರೆ ಹೇಳುತ್ತದೆ. ಐವರಿಗೂ ಕೊಟ್ಟ ಗುರು ಆಮೇಲೆ ಅವರೆದುರು ಕೈಜೋಡಿಸಿ, ಈಗ ನನಗೆ ನೀವು ಕೊಡಿ ಎಂದು ಕೇಳಿ ಕುಡಿದರು. ರಿಕ್ಯೂನ ಬಟ್ಟಲಿಗೆ ಸಾಧ್ಯವಾಗದ ದಿಕ್ಕು ಇದು. ಜಪಾನಿನ ಬಟ್ಟಲಿನ ಮೇಲೆ ನಮ್ಮಲ್ಲಿ ಆಗಿರುವ ಬರವಣಿಗೆಯಲ್ಲಿ ಒಂದಾಣೆಯಷ್ಟೂ ಈ ಬಟ್ಟಲಿನ ಮೇಲೆ ಆಗಿಲ್ಲ, ಅದೂ ಬೀದರಿನಲ್ಲಿ ಕೂತು ಬರೆಯುವವರಿಂದ!

ಜಪಾನಿನವರ ಪರವಾಗಿಯೂ ಎರಡು ಮಾತು ಹೇಳಬೇಕು. ತಲೆಗೊಂದು ಬಟ್ಟಲಿನ ಕೊಯ್ಚಾ ಕ್ರಮವನ್ನು ಅವರೇ 20ನೇ ಶತಮಾನದ ಆರಂಭದಲ್ಲಿ ರೋಗರುಜಿನದ ಭಯಕ್ಕೆ ರೂಪಿಸಿದ್ದರು. ಕೊರೊನಾ ಬಂದಾಗ ಅದೇ ಕೈಹಿಡಿಯಿತು. ಸಾಂಕ್ರಾಮಿಕದ ಹೊತ್ತಲ್ಲಿ ಯಾರೂ ಅದನ್ನು ತಪ್ಪೆನ್ನಲಾರರು. ಅವರ ಪರಿಕರಗಳ ಚೆಲುವು ನಿಜವಾದದ್ದು. ಅತಿಥಿಯಾದವನು ಬಟ್ಟಲನ್ನು ಕೈಯಲ್ಲಿ ಹೊರಳಿಸಿ ನೋಡಿ ಕೇಳಬೇಕೆಂಬ ನಿಯಮವೂ ದೊಡ್ಡದು. ನಮ್ಮ ಗುರುದ್ವಾರದ ಲಂಗರಿನ, ಅಂದರೆ ಪಂಕ್ತಿಯೂಟದ, ಸ್ಟೀಲು ತಟ್ಟೆಯನ್ನು ಯಾರೂ ಹಾಗೆ ನೋಡುವುದಿಲ್ಲ.

ಬೀದರಿನ ಗುರುದ್ವಾರ ನಾನಕ್ ಝೀರಾ ಸಾಹಿಬಿಗೆ ಬಂದ ಪ್ರವಾಸಿಗೂ ಆ ಕಬ್ಬಿಣದ ಬಟ್ಟಲು ಸಿಗುವುದಿಲ್ಲ ಎಂದು ಯಾರಾದರೂ ನನ್ನನ್ನು ಹಿಡಿಯಬಹುದು. ನಿಜ, ಅದು ಅಮೃತವೆಂಬ ಆ ನೀರಿನ ದೀಕ್ಷೆ ಪಡೆಯುವವರಿಗೆ ಮಾತ್ರ. ಪ್ರವಾಸಿ ತಲೆಗೆ ಬಟ್ಟೆ ಕಟ್ಟಿಕೊಂಡು ಪಂಕ್ತಿಯಲ್ಲಿ ಕೂರುತ್ತಾನೆ, ಎರಡೂ ಕೈ ಒಡ್ಡಿ ರೊಟ್ಟಿ ತೆಗೆದುಕೊಳ್ಳುತ್ತಾನೆ, ಉಂಡು ಏಳುತ್ತಾನೆ. ಆದರೆ ಅಲ್ಲಿಗೆ ಅವನ ಪಾಲು ಮುಗಿಯಬೇಕೆಂದಿಲ್ಲ. ಮನಸ್ಸಿದ್ದರೆ ತೋಳು ಮಡಚಿ ತಟ್ಟೆ ತೊಳೆಯುವ ಸಾಲಿಗೆ ನಿಲ್ಲಬಹುದು. ಮುಂದೆ ಬಂದು ಬೀಳುವ ತಟ್ಟೆಗಳಲ್ಲಿ ಯಾವುದು ಯಾರ ಎಂಜಲೆಂದು ಅವನಿಗೂ ಗೊತ್ತಿರುವುದಿಲ್ಲ, ಪಕ್ಕದಲ್ಲಿ ತೊಳೆಯುವವನಿಗೂ ಗೊತ್ತಿರುವುದಿಲ್ಲ. ಕ್ಯೋಟೋದ ಟಿಕೆಟಿನಲ್ಲಿ ಬಟ್ಟಲು ತೊಳೆಯುವುದು ಒಳಗಿನವರ ಕೆಲಸ, ಗಿರಾಕಿಯನ್ನು ಅಲ್ಲಿಗೆ ಬಿಡುವುದಿಲ್ಲ.